ಕುರ್ಚಿಯ ಮೇಲೊಂದು ಟೋಪಿ

ನನ್ನ ತಮ್ಮನ ಮದುವೆ ಎರಡು ಸಲ ಮುಂದಕ್ಕೆ ಹೋಯಿತು. ಮೊದಲ ಸಲ ವಿಮಾನಗಳೇ ನಿಂತುಹೋದವು. ಎರಡನೇ ಸಲ ಛತ್ರದವರು ಫೋನ್ ಮಾಡಿ, ಬೀಗ ಹಾಕಿದ್ದೀವಿ, ಯಾವಾಗ ತೆಗೀತೀವೋ ನಮಗೇ ಗೊತ್ತಿಲ್ಲ ಅಂದರು. ಹುಡುಗ ಡಬ್ಲಿನ್ನಿನ ಕ್ಲಾಂಡಾಲ್ಕಿನ್‌ನಲ್ಲಿ, ನಮ್ಮ ಮನೆಯ ಮಹಡಿ ಮೇಲಿನ ಗೂಡಿನಂಥ ರೂಮಿನಲ್ಲಿ ಕೂತು ಕೋಡ್ ಬರೀತಿದ್ದ. ಹುಡುಗಿ ಮೈಸೂರಿನ ಸರಸ್ವತಿಪುರಂನಲ್ಲಿ ಕೂತು ಹೈಸ್ಕೂಲ್ ಮಕ್ಕಳಿಗೆ ಆನ್‌ಲೈನ್ ಪಾಠ ಮಾಡ್ತಿದ್ದಳು. ಫೋನಿನಲ್ಲಿ ಮಾತಾಡಿ ಮಾತಾಡಿ ಇಬ್ಬರೂ ಹಳೇ ಗಂಡ ಹೆಂಡಿರ ಹಾಗೆ ಜಗಳ ಆಡೋದಕ್ಕೂ ಶುರು ಮಾಡಿದ್ದರು. ಮದುವೆ ಒಂದೇ ಬಾಕಿ.

ಎರಡನೇ ಅಲೆಯಲ್ಲಿ ಹುಡುಗಿಯ ತಾತ, ತಾಯಿಯ ತಂದೆ, ಹೋಗಿಬಿಟ್ಟರು. ಈ ಸಂಬಂಧ ಹುಡುಕಿದವರೇ ಅವರು. ಜಾತಕ ಕೂಡಿಸಿದವರೂ ಅವರೇ, ವೀಡಿಯೋ ಕಾಲ್‌ನಲ್ಲಿ ಮಂಕಿ ಟೋಪಿ ಹಾಕಿಕೊಂಡು ಕೂತು ನನ್ನ ತಮ್ಮನ ಹತ್ತಿರ ಐರ್ಲೆಂಡಿನ ಹಸುಗಳ ವಿಷಯ ವಿಚಾರಿಸ್ತಿದ್ದವರೂ ಅವರೇ. ಅಲ್ಲಿಯ ಹಸು ಹೊತ್ತಿಗೆ ಎಷ್ಟು ಹಾಲು ಕೊಡುತ್ತೆ ಅಂತ ಕೊನೇ ಸಲ ಕೇಳಿದ್ದರು. ವಿಚಾರಿಸಿ ಹೇಳ್ತೀನಿ ತಾತ ಅಂದಿದ್ದ ಇವನು. ಅಷ್ಟರಲ್ಲಿ ಆಸ್ಪತ್ರೆಗೆ ಸೇರಿದರು. ಅಲ್ಲಿಂದ ಸೀದಾ ತೆಗೆದುಕೊಂಡು ಹೋದರಂತೆ, ಮನೆಗೆ ತರಲಿಲ್ಲ. ನೆಂಟರು ಸೇರಲಿಲ್ಲ, ವೈಕುಂಠ ಸಮಾರಾಧನೆ ದಿನ ಊಟಕ್ಕೆ ಒಬ್ಬರನ್ನೂ ಕರೆಯೋ ಹಾಗಿರಲಿಲ್ಲ.

ಅದಾದ ಮೇಲೆ ಹುಡುಗಿಯ ಅಜ್ಜಿಯ ಮನಸ್ಸು ತಿರುಗಿತು. ಈ ಸಂಬಂಧಕ್ಕೆ ಕೈ ಹಾಕಿದಾಗಿನಿಂದ ಒಂದಲ್ಲ ಒಂದು ಆಗ್ತಾನೇ ಇದೆ, ಇನ್ನು ಸಾಕು ಅಂದರಂತೆ. ಹುಡುಗಿಯ ತಾಯಿ ಕಾಡಿ ಬೇಡಿ ಒಂದು ಅವಕಾಶ ಕೊಡಿಸಿದರು. ವೀಡಿಯೋದಲ್ಲೇ ನಿಶ್ಚಿತಾರ್ಥ ಮಾಡೋದು. ಒಂದೇ ಒಂದು ಅಪಶಕುನ ಇಲ್ಲದೆ ಅದು ನಡೆದರೆ ಮದುವೆ. ಏನಾದರೂ ಎಡವಟ್ಟಾದರೆ ಅಲ್ಲಿಗೆ ಕೈ ಬಿಡೋದು. ಇದನ್ನ ತಮ್ಮನೇ ಬಂದು ನನಗೆ ಹೇಳಿದ. ನನಗೆ ಮೈಯೆಲ್ಲ ಉರಿದುಹೋಯಿತು. ಇಡೀ ಪ್ರಪಂಚಕ್ಕೆ ಬಡಿದ ರೋಗಕ್ಕೆ ನನ್ನ ತಮ್ಮನ ಜಾತಕ ಹೊಣೆಯಾ? ಆದರೂ ಬಾಯಿ ಮುಚ್ಚಿಕೊಂಡೆ, ಅದೂ ನಾನು. ಆ ಹುಡುಗಿ ಇಲ್ಲದೆ ಇವನು ಮನುಷ್ಯ ಆಗಿ ಉಳಿಯೋದಿಲ್ಲ ಅಂತ ನನಗೆ ಗೊತ್ತಿತ್ತು.

ಸರಿ, ನಿಶ್ಚಿತಾರ್ಥ. ಪುರೋಹಿತರು ಮಂತ್ರ ಹೇಳಿ, ಲಗ್ನಪತ್ರಿಕೆ ಓದಿ, ಎಲ್ಲರೂ ಮ್ಯೂಟ್ ಮಾಡ್ಕೊಂಡು ಕೂತು ಮುಗಿಸಿದರೆ ಅದೊಂದು ಆಫೀಸ್ ಮೀಟಿಂಗ್ ಆಗುತ್ತೆ. ಬೀಗರನ್ನ ರೇಗಿಸಬೇಕು, ನಗಬೇಕು, ಯಾರಾದರೂ ಒಬ್ಬರು ಸಣ್ಣದಾಗಿ ಮುನಿಸಿಕೊಳ್ಳಬೇಕು. ಅದಕ್ಕೆ ನಾನು ಮಂತ್ರಕ್ಕೆ ಮೊದಲು ಒಂದು ಪಿಕ್ಚರ್ ತೋರಿಸೋದು ಅಂತ ತೀರ್ಮಾನ ಮಾಡಿದೆ. ನಾವೇ ಕನ್ನಡಕ್ಕೆ ಡಬ್ ಮಾಡಿದ್ದ ಪಿಕ್ಚರ್ ಅದು.

ಅದರ ಹಿಂದಿನ ಚಳಿಗಾಲದಲ್ಲಿ ಮನೆಯಿಂದ ಐದು ಕಿಲೋಮೀಟರ್ ದಾಟಬಾರದು ಅನ್ನೋ ಕಾನೂನಿತ್ತು. ಕಾಲುವೆ ದಂಡೆ ಮೇಲೆ ನಡೆದೂ ನಡೆದೂ ಅಲ್ಲಿನ ಬಾತುಕೋಳಿಗಳಿಗೇ ನಮ್ಮ ಮುಖ ಬೇಜಾರಾಗಿರಬೇಕು. ನನ್ನ ಗಂಡನ ಲೆಪರ್ಡ್ಸ್‌ಟೌನ್ ಆಫೀಸಿನಲ್ಲಿ ಒಬ್ಬ ಸಿನಿಮಾ ಹುಚ್ಚ ಇದ್ದಾನೆ. ಅವನು ವಾರಕ್ಕೊಂದು ಲಿಂಕ್ ಕಳಿಸ್ತಿದ್ದ. ಹಾಗೆ ಬಂದದ್ದು ಈ ಜಾರ್ಜಿಯಾದ ಕಿರುಚಿತ್ರ. ಸೋವಿಯತ್ ಕಾಲದ್ದು. ಮುಂದೆ ದೊಡ್ಡ ಹೆಸರು ಮಾಡಿದ ನಿರ್ದೇಶಕರೊಬ್ಬರು ಓದು ಮುಗಿಸಿದ ಹೊಸದರಲ್ಲಿ ತೆಗೆದದ್ದಂತೆ. ಕಪ್ಪು ಬಿಳುಪು, ಕಾಲು ಗಂಟೆಗೆ ಸ್ವಲ್ಪ ಜಾಸ್ತಿ. ಸಬ್‌ಟೈಟಲ್ ಇಲ್ಲ. ಶುರುವಿನಲ್ಲಿ ಬರೋ ಅಕ್ಷರಗಳು ನಮ್ಮ ಕನ್ನಡದ ಹಾಗೇ ದುಂಡದುಂಡಗಿದ್ದವು, ಓದಕ್ಕೆ ಮಾತ್ರ ಬರಲಿಲ್ಲ.

ಪಿಕ್ಚರ್‌ನಲ್ಲಿ ಒಂದು ಗುಡ್ಡದ ಓಣಿ. ಬೆಳಿಗ್ಗೆ ಬೆಳಿಗ್ಗೆ ಎಲ್ಲಾ ಮನೆಯವರೂ ತಮ್ಮ ತಮ್ಮ ಬಾಗಿಲನ್ನ ಕೀಲಿನಿಂದ ಕಿತ್ತು ಹೊತ್ತುಕೊಂಡು ಬರ್ತಾರೆ. ಓಣಿ ಉದ್ದಕ್ಕೂ ಬಾಗಿಲುಗಳನ್ನ ಪೀಪಾಯಿ ಮೇಲೆ ಮಲಗಿಸಿ ಒಂದೇ ಒಂದು ಊಟದ ಮೇಜು ಮಾಡ್ತಾರೆ. ಹೊಗೆ ಏಳುತ್ತೆ, ಹಂಡೆ ಕುದಿಯುತ್ತೆ. ಹುರಿಮೀಸೆಯ ಯಜಮಾನನೊಬ್ಬ ಎದ್ದೆದ್ದು ನಿಂತು ಭಾಷಣ ಮಾಡ್ತಾನೆ, ಗಂಡಸರು ಎದೆತುಂಬ ಹಾಡ್ತಾರೆ, ಹೆಂಗಸರು ಸೆರಗಿಲ್ಲದ ಕಾರಣ ಸ್ಕಾರ್ಫಿನಲ್ಲಿ ಕಣ್ಣೊರೆಸಿಕೊಳ್ತಾರೆ. ಪೂರ್ತಿ ಊರಿಗೆ ಊಟ, ಹಾಡು, ಹೆಂಗಸರ ಅಳು. ಇನ್ನೇನು ಬೇಕು? ಹೆಣ್ಣು ಒಪ್ಪಿಸಿಕೊಡೋ ಶಾಸ್ತ್ರ! ನೋಡಿದ ತಕ್ಷಣ ಮದುವೆ ಅಂದೆ. ಗಂಡ, ತಮ್ಮ, ಒಂಬತ್ತು ವರ್ಷದ ಮಗಳು, ಒಬ್ಬರಾದರೂ ಅಲ್ಲ ಅನ್ನಲಿಲ್ಲ. ಎಲ್ಲರೂ ಕಪ್ಪು ಬಟ್ಟೆ ಹಾಕಿದ್ದಾರಲ್ಲ ಅಂತ ನೀವು ಕೇಳಬಹುದು. ಕಪ್ಪು ಬಿಳುಪು ಪಿಕ್ಚರ್‌ನಲ್ಲಿ ನನ್ನ ಮದುವೆಯ ಮೆರೂನ್ ಸೀರೆಯೂ ಕಪ್ಪಾಗೇ ಕಾಣುತ್ತೆ ಸ್ವಾಮಿ.

ಒಂದೇ ಒಂದು ವಿಷಯ ನಮಗೆ ಅರ್ಥ ಆಗಿರಲಿಲ್ಲ. ಮೇಜಿನ ತುದಿಯಲ್ಲಿ ಒಂದು ಖಾಲಿ ಕುರ್ಚಿ, ಅದರ ಮೇಲೊಂದು ಟೋಪಿ. ಅದರ ಮುಂದೆ ಎಲ್ಲರಿಗಿಂತ ಮೊದಲು ತಟ್ಟೆ ತುಂಬ ಬಡಿಸ್ತಾರೆ, ಯಾರೂ ಅದನ್ನ ಮುಟ್ಟೋದಿಲ್ಲ. ನನ್ನ ಗಂಡ ಅದಕ್ಕೂ ದಾರಿ ಹುಡುಕಿದ. ಮದುಮಗ ಪರದೇಶದಲ್ಲಿ ಸಿಕ್ಕಿಹಾಕ್ಕೊಂಡಿದ್ದಾನೆ, ಬರಕ್ಕಾಗದೆ ಟೋಪಿ ಕಳಿಸಿದ್ದಾನೆ ಅಂದ. ಅಷ್ಟು ಹೇಳಿದ್ದೇ ತಡ, ನಾವು ಬಿದ್ದು ಬಿದ್ದು ನಕ್ಕೆವು. ತಮ್ಮನಂತೂ ನೆಲದ ಮೇಲೆ ಕೂತುಬಿಟ್ಟ.

ಮೆಟ್ಟಿಲ ಕೆಳಗಿನ ಗೂಡೇ ನಮ್ಮ ಸ್ಟುಡಿಯೋ. ವ್ಯಾಕ್ಯೂಮ್ ಕ್ಲೀನರ್ ಆಚೆಗೆ ತಳ್ಳಿ, ಗೋಡೆಗೆ ದಪ್ಪನೆಯ ಡೂವೆ ಹೊದಿಕೆ ನೇತುಹಾಕಿ, ಒಳಗೆ ಇಬ್ಬಿಬ್ಬರೇ ಕೂತು ರೆಕಾರ್ಡ್ ಮಾಡಿದೆವು. ಮೀಸೆ ಯಜಮಾನನಿಗೆ ನನ್ನ ಗಂಡನ ಧ್ವನಿ. ಜೀವಮಾನದಲ್ಲಿ ನನ್ನ ಮುಂದೆ ಏರಿಸದ ಧ್ವನಿಯನ್ನೆಲ್ಲ ಅಲ್ಲಿ ಏರಿಸಿದ. ಅಡುಗೆಯವರೆಲ್ಲ ನಾನು. ಮುಂದೆ ಸಸ್ಯಾಹಾರಿ ಬೀಗರಿಗೂ ತೋರಿಸಬೇಕಾದೀತು ಅಂತ ಹಂಡೆಯಲ್ಲಿದ್ದ ಮಾಂಸಕ್ಕೆ ಸುವರ್ಣಗೆಡ್ಡೆ ಹುಳಿ ಅಂತಲೂ, ಹೂಜಿಯಲ್ಲಿದ್ದ ವೈನಿಗೆ ದ್ರಾಕ್ಷಿ ಪಾನಕ ಅಂತಲೂ ಹೆಸರಿಟ್ಟೆ. ಎಲ್ಲರಿಗಿಂತ ಹೆಚ್ಚು ಕಣ್ಣೊರೆಸಿಕೊಳ್ಳೋ ಮುದುಕಿಗೆ ತಮ್ಮ ಕೀರಲು ಧ್ವನಿ ಕೊಟ್ಟ. ಹುಳಿಗೆ ಉಪ್ಪಿಲ್ಲ ಅಂತ ಅಳ್ತಾಳೆ ಆಕೆ. ಒಂದು ಕಿಟಕಿಯಲ್ಲಿ ನಿಂತಿದ್ದ ಹುಡುಗಿಯೇ ಮದುಮಗಳು. ಅವಳಿಗೆ ಮಗಳು. ಅಪ್ಪಟ ಡಬ್ಲಿನ್ ರಾಗದಲ್ಲಿ, ಟೋಪಿ ಜೊತೆ ಮದುವೆ ಆದರೂ ಐಯಾಮ್ ಗ್ರ್ಯಾಂಡ್, ನಂಗೇನೂ ತೊಂದರೆ ಇಲ್ಲ, ಟೋಪಿ ತಿರುಗಿ ಮಾತಾಡೋದಿಲ್ಲ ಅಂತ ಅವಳು ಹೇಳೋದನ್ನ ಕೇಳಿ ರೆಕಾರ್ಡಿಂಗ್ ಮತ್ತೆ ಮತ್ತೆ ಹಾಳಾಯಿತು. ಹಾಡುಗಳನ್ನ ಮಾತ್ರ ಇದ್ದ ಹಾಗೇ ಬಿಟ್ಟೆವು. ಅಷ್ಟು ಚೆನ್ನಾಗಿ ನಮಗೆ ಯಾರಿಗೂ ಹಾಡಕ್ಕೆ ಬರೋದಿಲ್ಲ.

ನಿಶ್ಚಿತಾರ್ಥದ ಹೊತ್ತಿಗೆ ಬೇಸಿಗೆ ಬಂದು ಕಾನೂನು ಸಡಿಲವಾಗಿತ್ತು. ಮನೆಯೊಳಗೆ ಜನ ಸೇರೋದಕ್ಕೆ ಇನ್ನೂ ಹಿಂಜರಿಕೆ ಇತ್ತು, ಹಿತ್ತಲಲ್ಲಿ ಪರವಾಗಿಲ್ಲ. ಗೆಜೀಬೋ ಚಪ್ಪರ ಹಾಕಿ, ಬಿಸಿಲು ಬೀಳದ ಹಾಗೆ ಮೂರು ಕಡೆ ಕಂಬಳಿ ಕಟ್ಟಿ, ಟೀವಿ ಹೊರಗೆ ತಂದಿಟ್ಟೆವು. ಕ್ಯಾಸಲ್‌ನಾಕ್‌ನ ಸ್ನೇಹಿತರೊಬ್ಬರ ಮನೆಯಿಂದ ಬೆಳ್ಳಿ ತಟ್ಟೆ, ಪನ್ನೀರುದಾನಿ ಬಂದವು. ಪಕ್ಕದ ಮನೆಯ ಐರಿಶ್ ಮುದುಕಪ್ಪನಿಗೆ ಗೋಡೆಯ ಆಚೆಯಿಂದಲೇ ನೋಡಿ ಅಂತ ಹೇಳಿದ್ದೆ. ಹಳ್ಳಿಯಿಂದ ಬಂದವರು, ನನ್ನ ತಮ್ಮ ಅಂದರೆ ಅವರಿಗೆ ಪ್ರೀತಿ. ಅವರನ್ನ ನೋಡಿಕೊಳ್ಳೋದಕ್ಕೆ ದಿನಾ ಬೆಳಿಗ್ಗೆ ಒಬ್ಬಾಕೆ ಬರ್ತಿದ್ದಳು, ಸುಮಾರು ನನ್ನ ವಯಸ್ಸಿನವಳು. ಮಾಸ್ಕಿನ ಮೇಲಿಂದ ಕಣ್ಣಲ್ಲೇ ನಮಸ್ಕಾರ ಮಾಡೋಳು. ಯಾವ ದೇಶ ಅಂತ ನಾನು ಯಾವತ್ತೂ ಕೇಳಿರಲಿಲ್ಲ.

ನಮಗೆ ಬೆಳಿಗ್ಗೆ ಹತ್ತು, ಮೈಸೂರಿನಲ್ಲಿ ಮಧ್ಯಾಹ್ನ. ಟೀವಿ ತುಂಬ ಬೀಗರು, ಮೂಲೆಯ ಚೌಕದಲ್ಲಿ ಬೇರೆ ಮನೆಯಿಂದ ಪುರೋಹಿತರು. ಹುಡುಗಿ ಹಸಿರು ಸೀರೆಯಲ್ಲಿ ಕೂತಿದ್ದಳು, ತಮ್ಮನ ಕಣ್ಣು ಅಲ್ಲೇ ನೆಟ್ಟುಹೋಯಿತು. ಅಜ್ಜಿ ಎಲ್ಲರ ಹಿಂದೆ, ಬಾಗಿಲ ಹತ್ತಿರ ಗೋಡೆಗೊರಗಿ ಕೂತಿದ್ದರು. ಗಂಡ ಹೋದ ಮೇಲೆ ಶುಭಕಾರ್ಯದಲ್ಲಿ ಮುಂದೆ ಬರಬಾರದಂತೆ. ಅಜ್ಜಿ, ಮುಂದೆ ಬನ್ನಿ ಅಂತ ನಾನು ಕರೆದೆ. ಇಲ್ಲೇ ಚೆನ್ನಾಗಿದೆ ಬಿಡಮ್ಮ ಅಂತ ಕೈ ಆಡಿಸಿದರು. ಮದುವೆ ಬೇಕೋ ಬೇಡವೋ ಅಂತ ತೀರ್ಮಾನ ಮಾಡೋದಕ್ಕೆ ಅವರು ಬೇಕು, ಮುಂದೆ ಕೂರೋದಕ್ಕೆ ಬೇಡ. ನನಗೆ ಸಿಟ್ಟು ನೆತ್ತಿಗೇರಿತು. ಅವತ್ತಿನ ಮಟ್ಟಿಗೆ ಅದನ್ನೂ ನುಂಗಿದೆ.

ಪಿಕ್ಚರ್ ಹಾಕಿದೆವು. ಬಾಗಿಲು ಹೊತ್ತುಕೊಂಡು ಬರೋರನ್ನ ಕಂಡೇ ಮೈಸೂರು ನಗೋದಕ್ಕೆ ಶುರುಮಾಡಿತು. ಸುವರ್ಣಗೆಡ್ಡೆ ಹುಳಿಗೆ ಹುಡುಗಿಯ ಅಪ್ಪ ತೊಡೆ ತಟ್ಟಿಕೊಂಡರು. ಟೋಪಿ ಬಂತು. ನನ್ನ ಗಂಡನ ಧ್ವನಿಯಲ್ಲಿ ಯಜಮಾನ, ಮದುಮಗ ಬರೋತನಕ ಅವನ ಟೋಪಿಗೇ ಬಡಿಸ್ರಪ್ಪಾ, ಅದೇನು ಬೇಡ ಅನ್ನಲ್ಲ ಅಂದಾಗ ಹುಡುಗಿ ಸೆರಗಲ್ಲಿ ಬಾಯಿ ಮುಚ್ಚಿಕೊಂಡು ನಕ್ಕಳು. ತಮ್ಮನ ಮುಖ ನೋಡಬೇಕಿತ್ತು ಆಗ. ನನ್ನ ಕಾಲು ನೆಲದ ಮೇಲಿರಲಿಲ್ಲ, ಎಲ್ಲ ಗೆದ್ದುಬಿಟ್ಟೆ ಅನ್ನೋ ಸಂಭ್ರಮ.

ಆಗ ಹಾಡು ಬಂತು. ಗೋಡೆಯ ಆಚೆ ಮುದುಕಪ್ಪ ತಮ್ಮ ಕ್ಯಾಪ್ ತೆಗೆದು, ಎದೆ ಮೇಲೆ ಶಿಲುಬೆ ಗುರುತು ಮಾಡಿಕೊಂಡರು. ಪಕ್ಕದಲ್ಲಿ ಆ ಹೆಂಗಸು ಗೋಡೆ ಹಿಡಿದು ನಿಂತಿದ್ದಳು, ಮಾಸ್ಕ್ ಗಲ್ಲಕ್ಕೆ ಇಳಿದಿತ್ತು, ತುಟಿ ಹಾಡಿನ ಜೊತೆ ಆಡ್ತಿತ್ತು. ನಾನು ಹತ್ತಿರ ಹೋದೆ. ಇದು ನಮ್ಮೂರ ಕಡೆ ಹಾಡು, ಎಲ್ಲಿ ಸಿಕ್ಕಿತು ನಿಮಗೆ ಅಂದಳು. ಜಾರ್ಜಿಯಾದವಳು! ಇಷ್ಟು ದಿನ ಗೋಡೆಯ ಆಚೆಗೇ ಇದ್ದಳು. ನಾನು ಖುಷಿಯಲ್ಲಿ, ನಿಮ್ಮ ಕಡೆ ಮದುವೆ ಎಷ್ಟು ಚೆನ್ನಾಗಿ ಮಾಡ್ತಾರೆ ಅಂದೆ. ಅವಳು ನನ್ನ ಮುಖವನ್ನೇ ನೋಡಿದಳು.

"ಮದುವೆ ಅಲ್ಲ. ಆ ಟೋಪಿಯವನು ಸತ್ತಿದ್ದಾನೆ. ಮಣ್ಣು ಮಾಡಿ ಬಂದು ಊಟ ಮಾಡ್ತಿದ್ದಾರೆ."

ಮುದುಕಪ್ಪ, ಅದು ನೋಡಿದ ಕೂಡಲೇ ಗೊತ್ತಾಗೋದಿಲ್ವಾ ಅನ್ನೋ ಹಾಗೆ ತಲೆಯಾಡಿಸಿದರು. ಅವರ ಹಳ್ಳಿಯಲ್ಲೂ ಸತ್ತ ಮನೆಯಲ್ಲಿ ಕುಡಿದು, ಹಾಡಿ, ಸತ್ತವನ ತಮಾಷೆಯೆಲ್ಲ ಹೇಳಿಕೊಂಡು ನಗ್ತಾರಂತೆ. ಇಡೀ ಹಿತ್ತಲಿನಲ್ಲಿ ಮದುವೆ ಅಂದುಕೊಂಡವರು ನಾವೊಬ್ಬರೇ. ಒಂದೂ ಅಪಶಕುನ ಇರಬಾರದು ಅಂದ ಕಡೆಗೆ ನಾನು ಅಪಶಕುನವನ್ನೇ ಡಬ್ಬಿಂಗ್ ಮಾಡಿ ಕಳಿಸಿದ್ದೆ.

ಓಡಿಹೋಗಿ ಟೀವಿ ಪ್ಲಗ್ ಕಿತ್ತೆ. ಟೀವಿ ಸತ್ತಿತು, ಲ್ಯಾಪ್‌ಟಾಪ್ ಸಾಯಲಿಲ್ಲ. ಅದು ಬ್ಯಾಟರಿ ಮೇಲೆ ಹಾಯಾಗಿ ಮೈಸೂರಿಗೆ ಪಿಕ್ಚರ್ ತೋರಿಸ್ತಾನೇ ಇತ್ತು, ನನ್ನ ಮಗಳು ಟೋಪಿ ಜೊತೆ ಮದುವೆ ಆದರೂ ಗ್ರ್ಯಾಂಡ್ ಅಂತ ಹೇಳ್ತಾನೇ ಇದ್ದಳು. ಗಂಡ ಏನಾಯ್ತೇ ಅನ್ನೋದರೊಳಗೆ ಲ್ಯಾಪ್‌ಟಾಪ್ ಮುಚ್ಚಳ ಪಟಾರ್ ಅಂತ ಮುಚ್ಚಿದೆ. ಕಾಲ್ ಕಟ್ಟಾಯಿತು. ನಿಶ್ಚಿತಾರ್ಥದ ಮಧ್ಯದಲ್ಲಿ ಬೀಗರ ಮುಖಕ್ಕೆ ಬಾಗಿಲು ಹಾಕಿದ ಹಾಗೆ. ವಿಷಯ ಹೇಳಿದೆ. ಗಂಡ ತಲೆ ಮೇಲೆ ಕೈ ಹೊತ್ತುಕೊಂಡ. ಇಂಟರ್‌ನೆಟ್ ಹೋಯ್ತು ಅಂತ ಹೇಳಿಬಿಡೋಣ ಅಂದೆ. ತಮ್ಮ ಲ್ಯಾಪ್‌ಟಾಪ್ ತೆಗೆದು ತಾನೇ ಕಾಲ್ ಮಾಡಿದ.

ಮೈಸೂರಿನಲ್ಲಿ ಯಾರೂ ನಗ್ತಿರಲಿಲ್ಲ. ಹುಡುಗಿಯ ತಾಯಿಯ ಮುಖ ಬಿಳಿಚಿಕೊಂಡಿತ್ತು. ಕರೆಂಟಾ, ನೆಟ್‌ವರ್ಕಾ ಅಂತ ಆಕೆಯೇ ನಮಗೆ ನೆಪ ಹುಡುಕಿ ಕೊಡ್ತಿದ್ದರು, ಪಾಪ. ಹಿಂದಿನಿಂದ ಅಜ್ಜಿಯ ಧ್ವನಿ ಬಂತು, ಯಾಕೆ ನಿಲ್ಲಿಸಿದ್ರಿ ಅಂತ. ನನ್ನ ಬಾಯಿ ತೆರೆಯಿತು, ಸುಳ್ಳು ನಾಲಿಗೆ ತುದೀಲೇ ಇತ್ತು. ಅಷ್ಟರಲ್ಲಿ ತಮ್ಮ ಮಾತಾಡಿದ.

"ಅಜ್ಜಿ, ಅದು ಮದುವೆ ಊಟ ಅಲ್ವಂತೆ. ತಿಥಿ ಊಟವಂತೆ. ನಮಗೆ ಗೊತ್ತಿರಲಿಲ್ಲ. ಈಗ ತಾನೇ ಗೊತ್ತಾಯ್ತು."

ನಾನು ಹುಡುಗಿಯ ಮುಖ ನೋಡಿದೆ. ಅವಳು ಕಣ್ಣು ಮುಚ್ಚಿಕೊಂಡಿದ್ದಳು. ಪುರೋಹಿತರು ಮೆಲ್ಲಗೆ ಕ್ಯಾಮೆರಾ ಆಫ್ ಮಾಡಿಕೊಂಡರು. ಅಜ್ಜಿ ಗೋಡೆ ಹಿಡಿದುಕೊಂಡು ಎದ್ದರು. ಎದ್ದು ಒಳಗೆ ಹೋಗಿಬಿಡ್ತಾರೆ, ಅಲ್ಲಿಗೆ ಮುಗಿಯಿತು ಅಂದುಕೊಂಡೆ. ಅವರು ಕುರ್ಚಿಗಳ ಮಧ್ಯೆ ದಾರಿ ಬಿಡಿಸಿಕೊಂಡು ಮುಂದಕ್ಕೆ ಬಂದರು. ಬಂದು ಕ್ಯಾಮೆರಾದ ಎದುರಿಗೇ ಕೂತರು. ಪರದೆ ತುಂಬ ಅವರ ಮುಖ, ಕನ್ನಡಕ, ಬೋಳು ಹಣೆ.

"ನನಗೆ ಆಗಲೇ ಗೊತ್ತಾಯ್ತು ಕಣಪ್ಪ. ಬಡಿಸಿದ ತಟ್ಟೆ ಯಾರೂ ಮುಟ್ಟದೆ ಬಿಟ್ಟಿದ್ರಲ್ಲ, ಮದುವೆ ಮನೇಲಿ ಯಾರಾದ್ರೂ ಹಾಗೆ ಬಿಡ್ತಾರಾ? ನಮ್ಮನೆಯವರಿಗೆ ನಾಕು ಜನ ಕೂರಿಸಿ ಊಟ ಹಾಕಕ್ಕಾಗಲಿಲ್ಲ ನಂಗೆ. ಅವರು ಯಾರೋ, ಎಲ್ಲಿಯವರೋ, ಮನೆ ಬಾಗಿಲು ಕಿತ್ತು ತಂದು ಹಾಕಿ ಊರಿಗೆಲ್ಲ ಬಡಿಸ್ತಿದ್ರು. ಇದು ನಮ್ಮನೆಯವರದೇ ಊಟ ಅಂತ ಅಂದ್ಕೊಂಡು ನೋಡ್ತಾ ಕೂತಿದ್ದೆ. ಪಂಕ್ತಿ ಮಧ್ಯೆ ಎಬ್ಬಿಸ್ತಾರೇನಪ್ಪ ಯಾರಾದ್ರೂ? ಪೂರ್ತಿ ಹಾಕು."

ಅಜ್ಜಿ ಮೊಮ್ಮಗಳ ಕಡೆ ತಿರುಗಿ, ಒಳಗೆ ಮೊಳೆಗೆ ನೇತುಹಾಕಿರೋದನ್ನ ತಗೊಂಡು ಬಾ ಅಂದರು. ಹುಡುಗಿ ಹಸಿರು ಸೀರೆ ಎತ್ತಿ ಹಿಡಿದುಕೊಂಡು ಓಡಿದಳು. ತಂದದ್ದು ತಾತನ ಮಂಕಿ ಟೋಪಿ. ಅಜ್ಜಿ ಒಂದು ಕುರ್ಚಿ ಎಳೆಸಿಕೊಂಡು, ತಮ್ಮ ಪಕ್ಕದಲ್ಲಿ, ಮುಂದಿನ ಸಾಲಿನಲ್ಲೇ, ಅದನ್ನ ನೆಟ್ಟಗೆ ಕೂರಿಸಿದರು. ಅದು ಒರಗಿಕೊಂಡಿತು. ಸರಿ ಮಾಡಿ ಮತ್ತೆ ಕೂರಿಸಿದರು.

ಪ್ಲಗ್ ಹಾಕಿದೆ. ಬಿಟ್ಟಲ್ಲಿಂದ ಪಿಕ್ಚರ್ ಓಡಿತು. ನನ್ನ ತಮ್ಮನ ಕೀರಲು ಧ್ವನಿಯ ಮುದುಕಿ ಹುಳಿಗೆ ಉಪ್ಪಿಲ್ಲ ಅಂತ ಅತ್ತಾಗ ಅಜ್ಜಿ ಮೊದಲು ನಕ್ಕರು. ಆಮೇಲೆ ಹುಡುಗಿಯ ತಾಯಿ ಅಳ್ತಾ ಅಳ್ತಾ ನಕ್ಕರು, ಅಲ್ಲಿಗೆ ಮೈಸೂರು ತಡೆಯಿಲ್ಲದೆ ನಕ್ಕಿತು. ನಾನು ಗೋಡೆ ಹತ್ತಿರ ನಿಂತು ಜಾರ್ಜಿಯಾದ ಹೆಂಗಸಿಗೆ ನಮ್ಮ ಕನ್ನಡವನ್ನ ಇಂಗ್ಲಿಷಿನಲ್ಲಿ ಹೇಳ್ತಾ ಹೋದೆ. ಹೂಜಿಯಲ್ಲಿರೋದು ಪಾನಕ ಅಂದಿದ್ದಕ್ಕೆ ಅವಳಿಗೆ ಎಷ್ಟು ನಗು ಬಂತೆಂದರೆ ಮುದುಕಪ್ಪನ ಭುಜ ಹಿಡಿದುಕೊಳ್ಳಬೇಕಾಯಿತು. ನನಗೂ ಅಳು ಬಂತು, ನಗು ಬಂತು, ಯಾವುದು ಯಾವಾಗ ಬಂತೋ ಗೊತ್ತಿಲ್ಲ. ಕೊನೆಯಲ್ಲಿ ಓಣಿಯವರು ಬಾಗಿಲುಗಳನ್ನ ವಾಪಸ್ ಹೊತ್ತುಕೊಂಡು ಹೋಗ್ತಾರೆ, ಯಾರ ಬಾಗಿಲು ಯಾರಿಗೆ ಹೋಯಿತು ಅಂತ ಗೊತ್ತಾಗದೆ ಒಬ್ಬರ ಬಾಗಿಲನ್ನ ಇನ್ನೊಬ್ಬರ ಮನೆಗೆ ಕೂರಿಸಕ್ಕೆ ನೋಡ್ತಾರೆ. ಅಲ್ಲಿಗೆ ಪಿಕ್ಚರ್ ಮುಗಿಯುತ್ತೆ.

ಪುರೋಹಿತರು ಮತ್ತೆ ಕಾಣಿಸಿಕೊಂಡು, ಮುಂದುವರಿಸಬಹುದಾ ಅಂತ ಕೇಳಿದರು. ಅಜ್ಜಿ ತಾಳಿ ಅಂತ ಕೈ ತೋರಿಸಿದರು. ನನ್ನ ತಮ್ಮನನ್ನ ಕನ್ನಡಕದ ಮೇಲಿಂದ ನೋಡಿದರು.

"ನಿಮ್ಮ ತಾತ ಒಂದು ಮಾತು ಕೇಳಿದ್ರಲ್ಲ. ಆ ಹಸು ಹೊತ್ತಿಗೆ ಎಷ್ಟು ಕೊಡುತ್ತೆ ಅಂತ. ಆಸ್ಪತ್ರೆಗೆ ಹೋಗೋವಾಗಲೂ ಹುಡುಗ ಹೇಳ್ತೀನಿ ಅಂದಿದ್ದಾನೆ ಅಂತಿದ್ರು. ನೀನು ಹೇಳಲೇ ಇಲ್ಲ."

ತಮ್ಮ ತಿರುಗಿ ಗೋಡೆ ಕಡೆಗೆ ನೋಡಿದ. ಮುದುಕಪ್ಪನಿಗೆ ಪ್ರಶ್ನೆ ದಾಟಿಸಿದೆವು. ಅವರು ಕ್ಯಾಪ್ ಮತ್ತೆ ತಲೆಗೆ ಹಾಕಿಕೊಂಡು, ಅವರಪ್ಪನ ಕಾಲದಲ್ಲಿ ಕೈಯಲ್ಲಿ ಕರೀತಿದ್ದಾಗ ಒಳ್ಳೇ ಹಸುವಾದರೆ ಹೊತ್ತಿಗೆ ಒಂದು ಬಕೆಟ್ ತುಂಬ್ತಿತ್ತು, ಈಗಿನವು ಎರಡು ಬಕೆಟ್ ತುಂಬ್ತವೆ, ಆದರೆ ಹಾಲಿಗೆ ಆ ರುಚಿ ಇಲ್ಲ ಅಂದರು. ನನ್ನ ತಮ್ಮ ಪಂಚೆ ಸರಿಮಾಡಿಕೊಂಡು ಟೀವಿ ಮುಂದೆ ಹೋಗಿ ನಿಂತ. ಅಜ್ಜಿಯನ್ನ ನೋಡಲಿಲ್ಲ, ಹುಡುಗಿಯನ್ನೂ ನೋಡಲಿಲ್ಲ. ಕುರ್ಚಿ ಮೇಲಿನ ಮಂಕಿ ಟೋಪಿಗೆ ಕೈ ಮುಗಿದ.

"ತಾತ, ಹೊತ್ತಿಗೆ ಎರಡು ಬಕೆಟ್ಟಂತೆ. ರುಚಿ ಮಾತ್ರ ಮೊದಲಿನ ಹಾಗಿಲ್ವಂತೆ."

ಅಜ್ಜಿ ಟೋಪಿಯನ್ನ ಇನ್ನೊಂದು ಸಲ ನೆಟ್ಟಗೆ ಕೂರಿಸಿದರು. ಆಮೇಲೆ ಸೆರಗು ಸರಿಮಾಡಿಕೊಂಡು, ಕೇಳಿಸ್ಕೊಂಡ್ರು, ಇನ್ನು ಲಗ್ನಪತ್ರಿಕೆ ಓದಿ ಅಂತ ಪುರೋಹಿತರಿಗೆ ಹೇಳಿದರು.